ಬುಡತ್ತಾಗೆ

ಕಳೆದ ವರ್ಷ ಗೌರಿ ಹಬ್ಬ ಮುಗಿದ ಮರುವಾರ, ಮೈಸೂರಿನ ಮನೆಯಲ್ಲಿ ಊಟ ಮಾಡಿ ಒರಗಿಕೊಂಡವನು ಫೋನಿನಿಂದಲೇ ಊರಿನ ಮೋಟರು ಹಾಕಿದೆ. ಮೋಟರು ಇರುವುದು ಸುಮಾರು ಮೂವತ್ತು ಕಿಲೋಮೀಟರು ಆಚೆ, ಬನ್ನೂರಿಗೂ ಸೋಮನಾಥಪುರಕ್ಕೂ ನಡುವಿನ ನಮ್ಮ ಎರಡೂವರೆ ಎಕರೆಯಲ್ಲಿ. ಸ್ಟಾರ್ಟರಿಗೆ ಒಂದು ಸಿಮ್ ಹಾಕಿಸಿ, ಇಲ್ಲಿಂದ ಕರೆ ಮಾಡಿದರೆ ಅಲ್ಲಿ ಬೋರಿನ ನೀರು ಬರುವ ಹಾಗೆ ಮಾಡಿಸಿ ಆಗ ನಾಲ್ಕು ತಿಂಗಳಾಗಿತ್ತು. ಮೋಟರು ಆನ್ ಆಗಿದೆ ಎಂದು ಸಂದೇಶ ಬಂತು. ಎಂಥದೋ ತೃಪ್ತಿ. ಬೇಸಾಯ ಅಂದರೆ ಇದಪ್ಪ ಅನ್ನಿಸಿತು.

ಮುಕ್ಕಾಲು ಗಂಟೆಯ ಮೇಲೆ ಚಿಕ್ಕಪ್ಪನ ಫೋನು. “ಯಾಕ್ಲಾ ಮಗ ಮೋಟ್ರು ಹಾಕಿದ್ದೀಯೆ? ಇಲ್ಲಿ ಉಬ್ಬೆ ಮಳೆ ಉಯ್ತಾ ಅದೆ. ಟೊಮೇಟೊ ಸಾಲಲ್ಲಿ ಮಂಡಿಗಂಟ ನೀರು ನಿಂತದೆ ಕನ.”

ಮಂಡಿಗಂಟ ಎನ್ನುವುದು ಚಿಕ್ಕಪ್ಪನ ಲೆಕ್ಕ. ಆದರೂ ನಾಲ್ಕು ಸಾಲು ಗಿಡ ಕೊಳೆತದ್ದು ನಿಜ. ಮಳೆ ಇಲ್ಲವೆಂದು ಆ್ಯಪ್ ಹೇಳಿತ್ತು ಎಂದು ನಾನು ಸಮರ್ಥನೆಗೆ ತೊಡಗಿದೆ. ಅವರು ಪೂರ್ತಿ ಕೇಳಲಿಲ್ಲ. “ಬುಡತ್ತಾಗೆ” ಅಂದು ಫೋನಿಟ್ಟರು.

ಬುಡತ್ತಾಗೆ. ಬಿಡು ಅತ್ತ ಕಡೆಗೆ. ಮೈಸೂರು, ಮಂಡ್ಯ ಸೀಮೆಯಲ್ಲಿ ಹುಟ್ಟಿದವರು ದಿನಕ್ಕೆ ಹತ್ತು ಸಲವಾದರೂ ಈ ಮಾತು ಆಡುತ್ತಾರೆ. ಬಸ್ಸು ತಪ್ಪಿದಾಗ, ಹಸು ಒದ್ದು ಹಾಲು ಚೆಲ್ಲಿದಾಗ, ದಾಯಾದಿ ಒಂದು ಗೇಣು ಬದು ಒತ್ತಿದಾಗ. (ಕೊನೆಯದರಲ್ಲಿ ಬಾಯಿ ಮಾತ್ರ ಬುಡತ್ತಾಗೆ ಅನ್ನುತ್ತದೆ, ಮರುದಿನ ಸರ್ವೆಯವರಿಗೆ ಅರ್ಜಿ ಹೋಗಿರುತ್ತದೆ.) ಅದರಲ್ಲಿ ಸಮಾಧಾನ ಉಂಟು, ಸಿಟ್ಟು ಉಂಟು, ಅಪ್ಪಟ ಸೋಮಾರಿತನವೂ ಉಂಟು. ಯಾವುದು ಯಾವಾಗ ಎಂದು ತಿಳಿಯಬೇಕಾದರೆ ಹೇಳಿದವರ ಮುಖ ನೋಡಬೇಕು. ಫೋನಿನಲ್ಲಿ ಮುಖ ಕಾಣಲಿಲ್ಲ. ಹಾಗಾಗಿ ಆ ಮಾತು ತಿಂಗಳುಗಟ್ಟಲೆ ತಲೆಯಲ್ಲಿ ಉಳಿಯಿತು.

‘ನಿಯಂತ್ರಣ’ ಎನ್ನುವುದು ಕಚೇರಿಯ, ಪತ್ರಿಕೆಯ ಮಾತು. ಮನೆಯೊಳಗೆ ಅದಕ್ಕೆ ನಾವು ಹೇಳುವುದು ಹಿಡಿತ. ಮಕ್ಕಳ ಮೇಲೆ ಹಿಡಿತ, ಖರ್ಚಿನ ಮೇಲೆ ಹಿಡಿತ, ನಾಲಗೆಯ ಮೇಲೆ ಹಿಡಿತ. ಕೈಯಿಂದ ಹುಟ್ಟಿದ ಮಾತು ಅದು, ಮುಷ್ಟಿಯ ಮಾತು. ಅದರ ಜೋಡಿ ಬಿಡು. ಬಿಡುವಿಗೂ ಬಿಡುಗಡೆಗೂ ಅದೇ ಬೇರು. ಬಿಡುವು ಸಿಗಬೇಕಾದರೂ ಬಿಡುಗಡೆ ಆಗಬೇಕಾದರೂ ಮೊದಲು ಏನನ್ನಾದರೂ ಬಿಡಬೇಕು ಎಂಬುದು ನಮ್ಮ ಭಾಷೆಗೆ ಯಾವತ್ತೋ ಗೊತ್ತಿದ್ದ ಹಾಗಿದೆ. ಆದರೆ ಅದೇ ಬೇರಿನಿಂದ ಕೈಬಿಡುವುದೂ ಹುಟ್ಟಿದೆ. ಬಿಡುವುದಕ್ಕೂ ಕೈಬಿಡುವುದಕ್ಕೂ ನಡುವೆ ಇರುವುದು ಒಂದೇ ಅಕ್ಷರ. ನಾನು ಆ ವರ್ಷವೆಲ್ಲ ತಡಕಾಡಿದ್ದು ಆ ಒಂದಕ್ಷರದ ಸುತ್ತ.

ಊರಿಗೆ ಹೋದಾಗಲೆಲ್ಲ ಸಂಜೆ ಸೋಮನಾಥಪುರದ ಕೇಶವ ದೇವಾಲಯದ ಕಡೆ ನಡೆಯುವುದು ಹಳೆಯ ಅಭ್ಯಾಸ. 2023ರ ಸೆಪ್ಟೆಂಬರಿನಲ್ಲಿ ಬೇಲೂರು, ಹಳೇಬೀಡಿನ ಜೊತೆ ಇದೂ ವಿಶ್ವಪರಂಪರೆಯ ಪಟ್ಟಿ ಸೇರಿದ ಮೇಲೆ ಜನ ಹೆಚ್ಚಿದ್ದಾರೆ. ಹೊಯ್ಸಳ ದೊರೆ ಮೂರನೆಯ ನರಸಿಂಹನ ದಂಡನಾಯಕ ಸೋಮನಾಥ ಇಲ್ಲೊಂದು ಅಗ್ರಹಾರ ಕಟ್ಟಿ, ತನ್ನ ಹೆಸರಿಟ್ಟು, 1258ರಲ್ಲಿ ಮೂರು ಗರ್ಭಗುಡಿಗಳ ಈ ದೇಗುಲವನ್ನು ಪ್ರತಿಷ್ಠೆ ಮಾಡಿಸಿದ. ಬಾಗಿಲು ದಾಟುತ್ತಲೇ ಆಳೆತ್ತರದ ಶಾಸನದ ಕಲ್ಲು ಎದುರಾಗುತ್ತದೆ. ನಮ್ಮ ದಾನಶಾಸನಗಳು ಸಾಮಾನ್ಯವಾಗಿ ಮುಗಿಯುವುದು ಶಾಪಾಶಯದಲ್ಲಿ. ಈ ದತ್ತಿಯನ್ನು ಕೆಡಿಸಿದವನಿಗೆ ಗಂಗೆಯ ತಡಿಯಲ್ಲಿ ಗೋವನ್ನು ಕೊಂದ ಪಾಪ ಬರಲಿ, ಅವನು ಸಾವಿರಾರು ವರ್ಷ ಹುಳುವಾಗಿ ಹುಟ್ಟಲಿ ಎಂಬ ಧಾಟಿಯಲ್ಲಿ. ಕೊಟ್ಟ ಮೇಲೂ ಕೊಟ್ಟದ್ದರ ಮೇಲೆ ಒಂದು ಕೈ ಇಟ್ಟುಕೊಂಡಿರುವ ಆಸೆ ಅದು. ನನ್ನ ಸ್ಟಾರ್ಟರಿನ ಸಿಮ್ಮಿಗೂ ಅದಕ್ಕೂ ದೂರದ ನೆಂಟಸ್ತಿಕೆ ಇದೆ.

ಸೋಮನಾಥನ ಏರ್ಪಾಡು ಉಳಿಯಲಿಲ್ಲ. ಪ್ರಧಾನ ಗರ್ಭಗುಡಿಯ ಮೂಲ ಕೇಶವ ಇಲ್ಲ, ಈಗ ಇರುವುದು ಆಮೇಲೆ ತಂದಿಟ್ಟ ವಿಗ್ರಹ. ಪೂಜೆ ನಿಂತು ಎಷ್ಟೋ ಕಾಲವಾಯಿತು. ಸುತ್ತ ಕೈಸಾಲೆಯ 64 ಗುಡಿಗಳೂ ಬರಿದು. ಉಳಿದಿರುವುದು ಕಲ್ಲುಕುಟಿಗರು ಮಾಡಿಹೋದದ್ದು. ಬಳಪದ ಕಲ್ಲು ಗಣಿಯಿಂದ ತೆಗೆದಾಗ ಮೆದುವಾಗಿರುತ್ತದೆ, ಗಾಳಿಗೆ ಬಿದ್ದ ಮೇಲೆ ಬರಬರುತ್ತ ಗಟ್ಟಿಯಾಗುತ್ತದೆ. ಉಳಿಯ ಮಾತು ಕೇಳುವ ಕಾಲ ಒಂದಿರುತ್ತದೆ, ಆಮೇಲೆ ಕಲ್ಲು ತನ್ನ ಮಾತು ತಾನೇ ನಡೆಸುತ್ತದೆ. ಆ ಕಾಲದೊಳಗೆ ಕೆಲಸ ಮುಗಿಸಿ ಮಲ್ಲಿತಮ್ಮ ಎಂಬ ರೂವಾರಿ ಸುಮಾರು 40 ಮೂರ್ತಿಗಳ ಪೀಠದಲ್ಲಿ ಹೆಸರು ಕೆತ್ತಿ ಎದ್ದುಹೋದ. ಶಾಪ ಹಾಕಲಿಲ್ಲ. ಇದು ನನ್ನದು ಅಂದನೇ ಹೊರತು ಹೀಗೇ ಇರಬೇಕು ಅನ್ನಲಿಲ್ಲ. ಗೋಡೆಯ ಮೂರ್ತಿಯೊಂದರ ಕೈಯಲ್ಲಿರುವುದು ಮುಸುಕಿನ ಜೋಳವೋ ಮುಕ್ತಾಫಲವೋ ಎಂದು ವಿದ್ವಾಂಸರು ಇಪ್ಪತ್ತನೆಯ ಶತಮಾನದಲ್ಲಿ ಜಗಳವಾಡಿದರು. ಮಲ್ಲಿತಮ್ಮನಿಗೆ ಅದರ ಗೊಡವೆಯೂ ಇಲ್ಲ.

ಮನಶ್ಶಾಸ್ತ್ರದವರು ಈ ಹಿಡಿತದ ಆಸೆಯನ್ನು ಅಳೆದು ನೋಡಿದ್ದಾರೆ. ಅಮೆರಿಕದ ಎಲೆನ್ ಲ್ಯಾಂಗರ್ 1975ರಲ್ಲಿ ಪ್ರಕಟಿಸಿದ ಪ್ರಯೋಗ ಬಲು ಪ್ರಸಿದ್ಧ. ಕಚೇರಿಯ ಮಂದಿಗೆ ಒಂದು ಡಾಲರಿನ ಲಾಟರಿ ಚೀಟಿ ಮಾರಿದರು. ಕೆಲವರಿಗೆ ತಾವೇ ಚೀಟಿ ಆರಿಸಿಕೊಳ್ಳುವ ಅವಕಾಶ, ಉಳಿದವರಿಗೆ ಕೊಟ್ಟದ್ದನ್ನು ತೆಗೆದುಕೊಳ್ಳುವುದು. ಆಮೇಲೆ ‘ನಿಮ್ಮ ಚೀಟಿ ವಾಪಸು ಮಾರುತ್ತೀರಾ, ಎಷ್ಟಕ್ಕೆ’ ಎಂದು ಕೇಳಿದಾಗ, ಕೊಟ್ಟದ್ದನ್ನು ತೆಗೆದುಕೊಂಡವರು ಸರಾಸರಿ 1.96 ಡಾಲರ್ ಕೇಳಿದರು. ತಾವೇ ಆರಿಸಿಕೊಂಡವರು ಕೇಳಿದ್ದು 8.67 ಡಾಲರ್. ಗೆಲ್ಲುವ ಸಾಧ್ಯತೆ ಇಬ್ಬರಿಗೂ ಒಂದೇ. ಕೈ ತಾಗಿತು ಎಂಬಷ್ಟಕ್ಕೇ ಚೀಟಿಯ ಬೆಲೆ ನಾಲ್ಕು ಪಟ್ಟು ಮೀರಿತು. ಇದಕ್ಕೆ ಲ್ಯಾಂಗರ್ ‘ನಿಯಂತ್ರಣದ ಭ್ರಮೆ’ ಎಂದು ಹೆಸರಿಟ್ಟರು. ಚೌಕಾಬಾರ ಆಡುವವರನ್ನು ನೋಡಿದವರಿಗೆ ಇದೇನು ಹೊಸದಲ್ಲ. ಎಂಟು ಬೇಕಾದಾಗ ಅಜ್ಜಿ ಕವಡೆಗಳನ್ನು ಎರಡೂ ಅಂಗೈಯಲ್ಲಿ ಕಲಕಿ, ಉಸಿರು ಊದಿ, ಜೋರಾಗಿ ಎಸೆಯುತ್ತಿದ್ದಳು. ಒಂದೇ ಬೇಕಾದಾಗ ಹೂ ಇಟ್ಟ ಹಾಗೆ ಮೆತ್ತಗೆ ಬಿಡುತ್ತಿದ್ದಳು.

ಹೊಲದಲ್ಲಿ ಈ ಭ್ರಮೆ ಕವಡೆಯಾಟದಷ್ಟು ಅಗ್ಗವಾಗಿ ಮುಗಿಯುವುದಿಲ್ಲ. ನಮ್ಮದು ನಾಲೆಯ ಸೀಮೆ. ಕಬ್ಬು, ಭತ್ತ. ನನ್ನಪ್ಪನ ಕಾಲಕ್ಕೆ ಯೂರಿಯಾ ಬಂತು, ಆಮೇಲೆ ಕಳೆನಾಶಕ ಬಂತು, ಒಂದೊಂದು ರೋಗಕ್ಕೆ ಒಂದೊಂದು ಔಷಧಿ ಬಂತು. ಎಲ್ಲವೂ ಕೈಯಳತೆಯಲ್ಲಿ ಇದ್ದಂತೆ ಕಂಡಿತು, ಅಂಗಡಿಯ ಸಾಲವೊಂದನ್ನು ಬಿಟ್ಟು. ಇದಕ್ಕೆ ಎದುರಾಗಿ ‘ಸುಮ್ಮನೆ ಬಿಡಿ, ಮಣ್ಣಿಗೆ ಗೊತ್ತು’ ಎನ್ನುವ ಮಾತು ನಮ್ಮ ಸುತ್ತಲೇ ಎದ್ದಿತು. ರೈತಸಂಘದ ಮೂಲಕ ಸುಭಾಷ್ ಪಾಳೇಕರ್ ಅವರ ಶೂನ್ಯ ಬಂಡವಾಳದ ನೈಸರ್ಗಿಕ ಕೃಷಿ ರಾಜ್ಯದಲ್ಲಿ ಹರಡಿದಾಗ ಬನ್ನೂರು ಕೃಷ್ಣಪ್ಪನವರ ತೋಟ ನೋಡಲು ಎಲ್ಲೆಲ್ಲಿಂದಲೋ ಜನ ಬಂದರು. ಕಾವೇರಿಯಾಚೆ ಕೊಳ್ಳೇಗಾಲದ ಕಡೆ ಕೈಲಾಸಮೂರ್ತಿಯವರು ಜಪಾನಿನ ಮಸನೊಬು ಫುಕುವೋಕಾರ ಹಾದಿ ಹಿಡಿದು ಉಳುಮೆಯನ್ನೇ ಬಿಟ್ಟರು.

ಪಾಳೇಕರ್ ಪದ್ಧತಿಯಲ್ಲಿ ‘ಬಿಡುವುದು’ ಎಂದರೆ ಎಷ್ಟು ಕೆಲಸ ಎಂದು ನೋಡಿ. ಎಕರೆಗೆ ಜೀವಾಮೃತ ಮಾಡಬೇಕಾದರೆ 200 ಲೀಟರ್ ನೀರಿನ ಡ್ರಮ್ಮಿಗೆ 10 ಕಿಲೋ ಸಗಣಿ, 5ರಿಂದ 10 ಲೀಟರ್ ಗಂಜಲ, 2 ಕಿಲೋ ಬೆಲ್ಲ, 2 ಕಿಲೋ ದ್ವಿದಳ ಧಾನ್ಯದ ಹಿಟ್ಟು, ಬದುವಿನ ಒಂದು ಹಿಡಿ ಮಣ್ಣು ಹಾಕಿ ಎರಡು ದಿನ ನೆರಳಲ್ಲಿಟ್ಟು, ಮರೆಯದೆ ಕಲಕಬೇಕು. ಗಿಡಕ್ಕೆ ಉಣಿಸುವ ಗೊಬ್ಬರ ಇದಲ್ಲ, ಮಣ್ಣಿನ ಸೂಕ್ಷ್ಮಜೀವಿಗಳನ್ನು ಎಬ್ಬಿಸುವ ಹೆಪ್ಪು ಎನ್ನುತ್ತಾರೆ ಅವರು. ಹೆಪ್ಪು ಎಂಬ ಹೋಲಿಕೆ ನನಗೆ ಹಿಡಿಸಿತು. ಹಾಲನ್ನು ಯಾರೂ ಮೊಸರು ಮಾಡುವುದಿಲ್ಲ. ಹೆಪ್ಪಿಟ್ಟು, ಮುಚ್ಚಿ, ಅಲುಗಿಸದೆ ಬಿಡುತ್ತೇವೆ. ರಾತ್ರಿಯೆಲ್ಲ ಮುಚ್ಚಳ ತೆಗೆದು ನೋಡುತ್ತಿದ್ದರೆ ಮೊಸರಾಗದು. ಹೆಪ್ಪೇ ಇಡದೆ ಬಿಟ್ಟರೆ ಒಡೆದ ಹಾಲು.

ಒಡೆದ ಹಾಲಿನ ಕಥೆಯನ್ನು ಫುಕುವೋಕಾ ಸ್ವತಃ ಬರೆದುಕೊಂಡಿದ್ದಾರೆ. ಅವರ ಬಗ್ಗೆ ಮಾತಾಡುವವರು ಹೆಚ್ಚಾಗಿ ಹಾರಿಸಿಬಿಡುವ ಪುಟ ಅದು. ಯೊಕೊಹಾಮಾದ ಸುಂಕದ ಕಚೇರಿಯಲ್ಲಿ ಸಸ್ಯರೋಗ ಪರೀಕ್ಷಕರಾಗಿದ್ದ ಅವರು ಇಪ್ಪತ್ತೈದರ ಹರೆಯದಲ್ಲಿ ಕೆಲಸ ಬಿಟ್ಟು ಶಿಕೊಕು ದ್ವೀಪದ ಹಳ್ಳಿಗೆ ವಾಪಸಾದರು. ಮನುಷ್ಯ ಏನೂ ಮಾಡಬೇಕಿಲ್ಲ, ಪ್ರಕೃತಿಯೇ ಎಲ್ಲ ಮಾಡುತ್ತದೆ ಎಂಬ ಹೊಸ ಅರಿವಿನ ಹುರುಪಿನಲ್ಲಿ ಅಪ್ಪನ ಕಿತ್ತಳೆ ತೋಟವನ್ನು ಕೈಯೇ ಹಾಕದೆ ಬಿಟ್ಟರು. ಕೊಂಬೆಗೆ ಕೊಂಬೆ ಹೆಣೆದುಕೊಂಡಿತು, ಹುಳ ಬಿತ್ತು, ಮರಗಳು ಒಣಗಿದವು. ಅಪ್ಪ ಏನಂದಿರಬಹುದು ಎಂದು ನಾನು ಊಹಿಸಬಲ್ಲೆ. ಆ ಮರಗಳು ಎಳೆಯದರಿಂದ ಕತ್ತರಿಗೆ ಒಗ್ಗಿದ್ದವು. ಅವುಗಳ ಸಹಜ ಆಕಾರವನ್ನು ಮನುಷ್ಯನ ಕೈ ಆಗಲೇ ಕೆಡಿಸಿಟ್ಟಿತ್ತು. ಕೆಡಿಸಿದ ಮೇಲೆ ದಿಢೀರನೆ ಕೈ ತೆಗೆದರೆ ಅದು ಸಹಜ ಕೃಷಿಯಾಗದು, ಹೊಣೆ ಬಿಟ್ಟು ಓಡಿದಂತಾಯಿತು ಎಂದು ಅವರಿಗೆ ತಿಳಿದದ್ದು ಮರಗಳು ಸತ್ತ ಮೇಲೆ. ಆಮೇಲೆ ಉಳದೆ, ಗೊಬ್ಬರ ಕೊಳ್ಳದೆ, ಔಷಧಿ ಹೊಡೆಯದೆ ಭತ್ತ ಬೆಳೆಯುವ ವಿಧಾನಕ್ಕೆ ಮುಟ್ಟುವ ಹೊತ್ತಿಗೆ ದಶಕಗಳೇ ಕಳೆದಿದ್ದವು. ಚಳಿಗಾಲದ ಬೆಳೆ ನಿಂತಿರುವಾಗಲೇ ಭತ್ತದ ಬೀಜ ಎರಚಬೇಕು, ಹುಲ್ಲನ್ನು ಗದ್ದೆಗೇ ಹರಡಬೇಕು, ನೆಲ ಮುಚ್ಚಲು ಕ್ಲೋವರ್ ಬಿತ್ತಬೇಕು, ಯಾವುದನ್ನು ಯಾವ ವಾರ ಎಂದು ತಿಳಿದಿರಬೇಕು. ಮಾಡದಿರುವುದನ್ನು ಒಂದೊಂದಾಗಿ ಕಲಿತರು. ‘ಇದನ್ನೂ ಮಾಡಿದರೆ ಹೇಗೆ’ ಎಂದು ಕೇಳುವ ಬದಲು ‘ಇದನ್ನು ಮಾಡದಿದ್ದರೆ ಹೇಗೆ’ ಎಂದು ಕೇಳುತ್ತ ಹೋದದ್ದು ಅವರ ಪ್ರಯೋಗ.

ದಿಢೀರನೆ ಕೈ ತೆಗೆಯುವ ತಪ್ಪನ್ನು ಒಂದು ದೇಶವೇ ಮಾಡಿದ್ದನ್ನು ನಾವು ನೋಡಿದ್ದೇವೆ. 2021ರಲ್ಲಿ ಶ್ರೀಲಂಕಾ ಸರ್ಕಾರ ರಾಸಾಯನಿಕ ಗೊಬ್ಬರದ ಆಮದನ್ನು ಒಂದೇ ಏಟಿಗೆ ನಿಲ್ಲಿಸಿತು. ಭತ್ತದ ಇಳುವರಿ ಕುಸಿಯಿತು, ರೈತರು ಬೀದಿಗೆ ಬಂದರು, ವರ್ಷ ಮುಗಿಯುವ ಮೊದಲೇ ಸರ್ಕಾರ ಹಿಂದೆ ಸರಿಯಿತು. ಅಲ್ಲಿ ಬಿಟ್ಟದ್ದು ಹಿಡಿತವನ್ನಲ್ಲ. ಬಿಡುವ ಆಜ್ಞೆಯೂ ಮೇಲಿನಿಂದಲೇ ಬಂದಿತ್ತು, ಗದ್ದೆಯಲ್ಲಿ ನಿಂತವರನ್ನು ಕೇಳಿರಲಿಲ್ಲ.

ನೈಸರ್ಗಿಕ ಕೃಷಿಯ ಇಳುವರಿಯ ಬಗ್ಗೆ ಕೃಷಿ ವಿಜ್ಞಾನಿಗಳಲ್ಲಿ ಇವತ್ತಿಗೂ ಒಮ್ಮತವಿಲ್ಲ. ನನ್ನ ತಕರಾರೂ ಒಂದಿದೆ. ನಂಜನಗೂಡಿನ ರಸಬಾಳೆಯನ್ನು ನೆನೆಯಿರಿ. ದೇವರಸನಹಳ್ಳಿಯ ಸುತ್ತಿನ ತೋಟಗಳಲ್ಲಿ ಬೆಳೆಯುತ್ತಿದ್ದ ಆ ಹಣ್ಣನ್ನು ಪನಾಮಾ ಸೊರಗು ರೋಗ ಹೆಚ್ಚೂಕಮ್ಮಿ ಅಳಿಸಿಹಾಕಿತು. ಆ ಶಿಲೀಂಧ್ರ ಮಣ್ಣಿನಲ್ಲಿ ದಶಕಗಳ ಕಾಲ ಬದುಕುತ್ತದೆ. ಔಷಧಿಯಿಂದ ಹಿಡಿಯಲು ಹೋದರೂ ಸಿಗದು, ತನ್ನಷ್ಟಕ್ಕೆ ಬಿಟ್ಟರೂ ಹೋಗದು. ರೋಗವಿಲ್ಲದ ಕಂದು, ರೋಗವಿಲ್ಲದ ನೆಲ ಹುಡುಕಿ ಹೊಸದಾಗಿ ಶುರು ಮಾಡಬೇಕು. ಬುಡತ್ತಾಗೆ ಅಂದಿದ್ದರೆ ಭೌಗೋಳಿಕ ಮಾನ್ಯತೆಯ ಪತ್ರವೊಂದೇ ಉಳಿದು ಹಣ್ಣು ಇರುತ್ತಿರಲಿಲ್ಲ.

ಹಾಗಿದ್ದರೆ ಬಿಡುವುದನ್ನು ಚೆನ್ನಾಗಿ ಕಲಿತವರು ಯಾರು? ನನಗೆ ಅನ್ನಿಸುವುದು, ತಲಕಾಡಿನವರು. ನಮ್ಮ ತಾಲ್ಲೂಕಿನವರೇ.

ಗಂಗರ ರಾಜಧಾನಿ, ಚೋಳರ ರಾಜರಾಜಪುರ, ವಿಷ್ಣುವರ್ಧನ ಗೆದ್ದು ಕೀರ್ತಿನಾರಾಯಣನನ್ನು ನಿಲ್ಲಿಸಿದ ಊರು. ಗೆದ್ದವರೆಲ್ಲರನ್ನೂ ಕೊನೆಗೆ ಗೆದ್ದದ್ದು ಮರಳು. ತಲಕಾಡು ಮರಳಾಗಲಿ ಎಂದ ಅಲಮೇಲಮ್ಮನ ಶಾಪದ ಕಥೆ ಮೈಸೂರಿನ ಮಕ್ಕಳಿಗೆಲ್ಲ ಗೊತ್ತು, ಮತ್ತೆ ಹೇಳುವುದಿಲ್ಲ. ಭೂವಿಜ್ಞಾನ ಬಲ್ಲವರು ಬೇರೊಂದು ಕಡೆ ಬೊಟ್ಟು ಮಾಡುತ್ತಾರೆ. ಕಾವೇರಿ ಇಲ್ಲಿ ಚೂಪಾಗಿ ತಿರುಗುತ್ತಾಳೆ. ವಿಜಯನಗರದ ಕಾಲದಲ್ಲಿ ಮಾಧವಮಂತ್ರಿ ಕಟ್ಟೆ ಕಟ್ಟಿದ ಮೇಲೆ ಹರಿವು ತಗ್ಗಿ ಪಾತ್ರದ ಮರಳು ಬೇಸಗೆಯಲ್ಲಿ ಹೊರಬಿತ್ತು, ನೈರುತ್ಯದ ಗಾಳಿ ಅದನ್ನು ಊರ ಮೇಲೆ ಎರಚಿತು ಎಂಬ ವಾದ ಅವರದು. ಅದೇ ಕಟ್ಟೆಯ ನಾಲೆಯಿಂದ ಸುತ್ತಲಿನ ಗದ್ದೆಗಳು ಹಸಿರಾದವು ಎಂಬುದನ್ನೂ ಸೇರಿಸಿ ಹೇಳಬೇಕು. ಹೊಳೆಯನ್ನು ಹಿಡಿದದ್ದಕ್ಕೆ ಒಂದು ಕೈಗೆ ಭತ್ತ, ಇನ್ನೊಂದು ಕೈಗೆ ಮರಳು.

ಮರಳು ವರ್ಷಕ್ಕೆ ಒಂಬತ್ತು ಹತ್ತು ಅಡಿಯಂತೆ ಊರಿನ ಮೇಲೆ ಬರುತ್ತಿತ್ತು, ಜನ ಮನೆ ಬಿಟ್ಟು ಹಿಂದೆ ಹಿಂದೆ ಸರಿಯುತ್ತಿದ್ದರು ಎಂದು ಬಿ.ಎಲ್. ರೈಸ್ ಮೈಸೂರಿನ ಗೆಜೆಟಿಯರಿನಲ್ಲಿ ಬರೆದಿದ್ದಾರೆ. ಹಾಗೆ ಸರಿಯುತ್ತಿದ್ದ ಊರಿನ ಜನಸಂಖ್ಯೆ ಮಾತ್ರ ಹೆಚ್ಚುತ್ತಿತ್ತು ಎಂದೂ ಅಲ್ಲೇ ಇದೆ. ನನಗೆ ಈ ಎರಡನೆಯ ಸಾಲು ಬಹಳ ಇಷ್ಟ. ಊರು ಬಿಡಲಿಲ್ಲ, ಮನೆ ಬಿಟ್ಟರು. ಗೋಡೆ ಎಬ್ಬಿಸಿ ಮರಳಿನ ಮುಂದೆ ನಿಲ್ಲಲಿಲ್ಲ, ನಾಲ್ಕು ಹೆಜ್ಜೆ ಹಿಂದೆ ಬಂದು ಮತ್ತೆ ಒಲೆ ಹೂಡಿದರು. ಬಹುಕಾಲದ ಮೇಲೆ ದಿಬ್ಬಗಳಲ್ಲಿ ನೀಲಗಿರಿಯಂಥ ಮರಗಳು ಬೇರೂರಿದವು, ಮರಳಿನ ಓಟಕ್ಕೆ ತಡೆ ಬಿದ್ದದ್ದು ಬೇರುಗಳಿಂದ.

ಪಂಚಲಿಂಗ ದರ್ಶನವಂತೂ ಬಿಡುವುದಕ್ಕೆಂದೇ ಕಟ್ಟಿದ ಹಬ್ಬದಂತೆ ಕಾಣುತ್ತದೆ. ಕಾರ್ತಿಕದ ಅಮಾವಾಸ್ಯೆಯ ಸೋಮವಾರ ನಕ್ಷತ್ರ ಯೋಗಗಳೆಲ್ಲ ಕೂಡಿ ಬಂದ ವರ್ಷವೇ ಅದು ನಡೆಯಬೇಕು. ತಾರೀಖು ಗೊತ್ತುಮಾಡುವ ಅಧಿಕಾರ ಯಾವ ಕಮಿಟಿಗೂ ಇಲ್ಲ. 2006ರ ನಂತರ ಮೂರೇ ವರ್ಷಕ್ಕೆ 2009ರಲ್ಲಿ ಬಂತು, ಆಮೇಲೆ 2013ರ ಡಿಸೆಂಬರ್ 2, ಆಮೇಲೆ ಏಳು ವರ್ಷ ಕಾದು 2020ರ ಡಿಸೆಂಬರ್ 14, ಅದೂ ಕೋವಿಡ್ ನಿರ್ಬಂಧಗಳ ನಡುವೆ. ಪಾತಾಳೇಶ್ವರ, ಮರಳೇಶ್ವರ ಗುಡಿಗಳ ಸುತ್ತ ಮರಳು ತೋಡಿ ದಾರಿ ಮಾಡುತ್ತಾರೆ. ವೈದ್ಯನಾಥೇಶ್ವರ, ಅರ್ಕೇಶ್ವರ, ಮುಡುಕುತೊರೆಯ ಮಲ್ಲಿಕಾರ್ಜುನ ಸೇರಿ ಐದೂ ಲಿಂಗ ನೋಡಿ ಜನ ಮನೆಗೆ ಹೋಗುತ್ತಾರೆ. 2013ರಲ್ಲಿ ನಾನೂ ಹೋಗಿದ್ದೆ. ಬರಿಗಾಲಲ್ಲಿ ದಿಬ್ಬ ಹತ್ತುವಾಗ ಒಂದು ಹೆಜ್ಜೆ ಇಟ್ಟರೆ ಅರ್ಧ ಹೆಜ್ಜೆ ಹಿಂದೆ ಜಾರುತ್ತದೆ. ಬಿಗಿಯಾಗಿ ಊರಿದಷ್ಟೂ ಹೂತುಕೊಳ್ಳುತ್ತದೆ. ಪಕ್ಕದಲ್ಲಿ ಬುಟ್ಟಿ ಹೊತ್ತ ಹೆಂಗಸೊಬ್ಬರು ಸಲೀಸಾಗಿ ಹೋಗುತ್ತಿದ್ದವರು ನನ್ನ ಅವಸ್ಥೆ ನೋಡಿ, “ಒತ್ತಿ ಮಡಗಬ್ಯಾಡಿ ಸ್ವಾಮಿ, ತೇಲಿಸ್ಕಂಡ್ ಬನ್ನಿ” ಅಂದರು.

ಹೊಳೆಯ ಮಾತು ಬಂದದ್ದರಿಂದ ಕಬಿನಿಯದೂ, ಅಂದರೆ ಕಪಿಲೆಯದೂ, ಒಂದು ಮಾತು. ಬೀಚನಹಳ್ಳಿಯ ಅಣೆಕಟ್ಟು ಹಿಡಿಯಬಲ್ಲದ್ದು 19.52 ಟಿಎಂಸಿ. ವಯನಾಡಿನಲ್ಲಿ ಮಳೆ ಬಿದ್ದರೆ ಅದು ತುಂಬಲು ಹೆಚ್ಚು ದಿನ ಬೇಡ. 2019ರ ಆಗಸ್ಟಿನಲ್ಲಿ ಕಪಿಲೆ ಉಕ್ಕಿ ನಂಜನಗೂಡಿನ ಹದಿನಾರು ಕಾಲು ಮಂಟಪ ಮುಳುಗಿತು, ಮಲ್ಲನಮೂಲೆಯ ಬಳಿ ಮೈಸೂರು ರಸ್ತೆಯೇ ನೀರೊಳಗೆ ಹೋಯಿತು. ಅಣೆಕಟ್ಟೆಂದರೆ ನೀರು ಹಿಡಿದಿಡುವುದು ಎಂದುಕೊಂಡಿರುತ್ತೇವೆ. ಮಳೆಗಾಲದಲ್ಲಿ ಅಲ್ಲಿನವರ ನಿದ್ದೆ ಕೆಡಿಸುವುದು ಬಿಡುವ ಲೆಕ್ಕ: ಯಾವಾಗ, ಎಷ್ಟು, ಎಷ್ಟು ಮೊದಲು.

ಇನ್ನು ಲ್ಯಾಂಗರ್ ಕಡೆಗೆ ಮರಳಬೇಕು, ಏಕೆಂದರೆ ಅವರ ಇನ್ನೊಂದು ಪ್ರಯೋಗ ನನಗೆ ಚುಚ್ಚಿತು. ಲಾಟರಿ ಪ್ರಯೋಗದ ಮರುವರ್ಷ, 1976ರಲ್ಲಿ, ಜುಡಿತ್ ರೋಡಿನ್ ಜೊತೆ ಸೇರಿ ಕನೆಕ್ಟಿಕಟ್‌ನ ವೃದ್ಧಾಶ್ರಮವೊಂದರಲ್ಲಿ ನಡೆಸಿದ ಅಧ್ಯಯನ ಪ್ರಕಟಿಸಿದರು. ಒಂದು ಮಹಡಿಯ ವೃದ್ಧರಿಗೆ, ನಿಮ್ಮ ದಿನವನ್ನು ನೀವೇ ಗೊತ್ತುಮಾಡಿಕೊಳ್ಳಿ ಎಂದು ಹೇಳಿ ಆಯ್ದುಕೊಳ್ಳಲು ಒಂದೊಂದು ಗಿಡ ಕೊಟ್ಟರು, ನೀರು ಹಾಕುವ ಹೊಣೆ ಅವರದೇ. ಇನ್ನೊಂದು ಮಹಡಿಯವರಿಗೂ ಗಿಡ ಸಿಕ್ಕಿತು, ಆದರೆ ನೀರು ಹಾಕುವವರು ದಾದಿಯರು. ನಿಮಗೇನೂ ಚಿಂತೆ ಬೇಡ, ಎಲ್ಲ ನಾವು ನೋಡಿಕೊಳ್ಳುತ್ತೇವೆ ಎಂದರು. ಮೂರು ವಾರದಲ್ಲಿ ಮೊದಲ ಮಹಡಿಯವರು ಹೆಚ್ಚು ಚುರುಕಾಗಿ, ಹೆಚ್ಚು ಗೆಲುವಾಗಿ ಕಂಡರು.

ಚಿಕ್ಕಪ್ಪನಿಗೆ ಎಪ್ಪತ್ತಮೂರು. ಐವತ್ತು ವರ್ಷ ಆ ಎರಡೂವರೆ ಎಕರೆಗೆ ನೀರು ಕಟ್ಟಿದವರು. ರಾತ್ರಿ ಕರೆಂಟಿಗೆ ಎದ್ದು ಹೋಗಬೇಕಾದ ಕಷ್ಟ ತಪ್ಪಲಿ ಎಂದೇ ನಾನು ಸ್ಟಾರ್ಟರು ಹಾಕಿಸಿದ್ದು. ನಿಮಗೇನೂ ಚಿಂತೆ ಬೇಡ, ಎಲ್ಲ ನಾನು ನೋಡಿಕೊಳ್ಳುತ್ತೇನೆ ಎಂದಿದ್ದೆ, ಇದೇ ಮಾತುಗಳಲ್ಲಿ. ನನ್ನ ಕೈಗೆ ಬಂದ ಹಿಡಿತ ಆಕಾಶದಿಂದ ಉದುರಿದ್ದಲ್ಲ, ಅವರ ಕೈಯಿಂದ ಕಿತ್ತುಕೊಂಡದ್ದು. ಬಿಡುಗಡೆಯ ಬಗ್ಗೆ ಬರೆಯುವವರು ಬಿಟ್ಟವನ ಹಗುರದ ಬಗ್ಗೆ ಬರೆಯುತ್ತಾರೆ, ಬಿಟ್ಟ ಹಗ್ಗ ಎಲ್ಲಿಗೆ ಹೋಯಿತು ಎಂದು ಕೇಳುವುದು ಕಡಿಮೆ. ಎರೆಹುಳುವಿನ ಕೆಲಸವನ್ನು ನೇಗಿಲು ಕಿತ್ತುಕೊಂಡಿತ್ತು, ಹೊಳೆಯ ಕೆಲಸವನ್ನು ಕಟ್ಟೆ. ನಾನು ಕಿತ್ತುಕೊಂಡದ್ದು ಒಬ್ಬ ಮುದುಕ ಬದುವಿನ ಮೇಲೆ ನಿಂತು ಮೋಡ ನೋಡಿ ತೀರ್ಮಾನ ಮಾಡುವ ಹಕ್ಕನ್ನು.

ಸಿಮ್ಮಿಗೆ ಕರೆನ್ಸಿ ಹಾಕಿಸುವುದನ್ನು ನಿಲ್ಲಿಸಿದೆ. ಹೇಳಲಿಲ್ಲ, ಸುಮ್ಮನೆ ನಿಲ್ಲಿಸಿದೆ. ಮೊದಲ ಎರಡು ವಾರ ಮಧ್ಯಾಹ್ನ ಊಟವಾದ ಮೇಲೆ ಕೈ ತಾನಾಗಿ ಫೋನಿನ ಕಡೆ ಹೋಗುತ್ತಿತ್ತು. ನೀರು ಹಾಯಿತೋ ಇಲ್ಲವೋ ಎಂಬ ಕಳವಳ. ಆಮೇಲೆ ಮಧ್ಯಾಹ್ನಗಳು ಉದ್ದವಾದವು. ಎಷ್ಟೋ ವರ್ಷದ ಮೇಲೆ ನಿದ್ದೆ ಹತ್ತಿತು.

ಸಂಕ್ರಾಂತಿಗೆ ಊರಿಗೆ ಹೋದೆ. ಟೊಮೇಟೊ ಕೊಳೆತಿದ್ದ ಜಾಗದಲ್ಲಿ ಅವರೆ ಹಬ್ಬಿತ್ತು, ಸಾಲಿನ ನಡುವೆ ಕಳೆಯೂ ಇತ್ತು. ಕೀಳಿಸಲಿಲ್ಲವೇ ಎಂದು ಕೇಳುವುದಕ್ಕೆ ಬಾಯಿ ತೆರೆದು ಮುಚ್ಚಿದೆ. ಚಿಕ್ಕಪ್ಪ ಬದುವಿನ ಮೇಲೆ ಕುಕ್ಕರುಗಾಲಲ್ಲಿ ಕೂತಿದ್ದರು. ಪಂಪ್‌ಸೆಟ್ ಮನೆ ಇನ್ನೂ ಇನ್ನೂರು ಹೆಜ್ಜೆ ದೂರ. ಅವರು ಪಟಾಪಟಿ ಚಡ್ಡಿಯ ಜೇಬಿನಿಂದ ಫೋನು ತೆಗೆದು, ಕಣ್ಣಿಗೆ ದೂರ ಹಿಡಿದು, ಒಂದು ನಂಬರು ಒತ್ತಿದರು. ಅತ್ತ ಕಡೆ ಮೋಟರು ಗುಂಯ್ ಅಂದಿತು.

ನಾನು ಅವರ ಮುಖವನ್ನೇ ನೋಡಿದೆ.

“ಕರೆನ್ಸಿ ನಾನೇ ಹಾಕುಸ್ದೆ” ಅಂದರು. “ನಿನ್ ನಂಬ್ರು ತೆಗ್ಸಾಕ್ಬುಟ್ಟೆ ಕಣ್ಲಾ ಮಗ.”